ಗೂಟಗಳ ಹಿಂದೆ

ತುಮಕೂರು ರಸ್ತೆಯೂ ಹೊರವರ್ತುಲ ರಸ್ತೆಯೂ ಸಂಧಿಸುವ ಗೊರಗುಂಟೆಪಾಳ್ಯದಲ್ಲಿ ಮನೆ ಮಾಡಿಕೊಂಡವರಿಗೆ ನಿಶ್ಶಬ್ದವೆಂಬುದು ಇತರರಿಂದ ಕೇಳಿ ತಿಳಿಯಬೇಕಾದ ಸಂಗತಿ. ನೆಲದ ಮೇಲೆ ಲಾರಿಗಳು, ಅದರ ಮೇಲೆ ಸೇತುವೆ, 2014ರಿಂದೀಚೆಗೆ ಮೆಟ್ರೋ ರೈಲು. ಹಾಸನಕ್ಕೋ ಶಿವಮೊಗ್ಗಕ್ಕೋ ಹೋಗುವ ಬಸ್ಸಿಗಾಗಿ ಗಂಟುಮೂಟೆ ಇಟ್ಟುಕೊಂಡು ರಸ್ತೆಯ ಬದಿಯಲ್ಲಿ ಕಾಯುವ ಜನ. ಈ ಗದ್ದಲದಿಂದ ನಾಲ್ಕು ಓಣಿ ಒಳಗೆ, ನಮ್ಮ ಮನೆಯ ಹಿಂದೆ, ಇನ್ನೂ ಯಾರೂ ಕಟ್ಟಡವೆಬ್ಬಿಸದ ಒಂದು ನಿವೇಶನವುಂಟು. ಸಂಜೆ ಐದರ ಹೊತ್ತಿಗೆ ಅಲ್ಲಿ ಮಕ್ಕಳು ಮೂರು ಕಡ್ಡಿ ನೆಟ್ಟು ಕ್ರಿಕೆಟ್ ಆಡುತ್ತಾರೆ. ಅವರ ನಡುವೆ ಹನ್ನೊಂದೋ ಹನ್ನೆರಡೋ ವಯಸ್ಸಿನ ಒಬ್ಬ ಹುಡುಗಿ. ಅವಳಿಗೆ ಸಿಕ್ಕಿರುವುದು ಕಡ್ಡಿಗಳ ಹಿಂದಿನ ಜಾಗ. ಅದನ್ನು ಅವಳು ಆರಿಸಿಕೊಂಡದ್ದಲ್ಲ. ಅಲ್ಲಿ ನಿಲ್ಲಲು ಬೇರೆ ಯಾರೂ ಒಪ್ಪುವುದಿಲ್ಲ. ಹಿಂದೆ ಚರಂಡಿಯಿದೆ, ತಪ್ಪಿದ ಚೆಂಡು ಅದರೊಳಕ್ಕೆ ಬೀಳುತ್ತದೆ, ಬಿದ್ದದ್ದನ್ನು ತೆಗೆಯಬೇಕಾದವರು ಕೀಪರೇ. ಅಣ್ಣನ ಬೈಕಿನ ಕೈಗವಸುಗಳನ್ನು ತೊಟ್ಟು ಅವಳು ನಿಲ್ಲುತ್ತಾಳೆ. ಚರಂಡಿಯ ಭಯದಿಂದಲೋ ಏನೋ, ಚೆಂಡನ್ನು ಬಿಡುವುದು ಬಹಳ ಅಪರೂಪ.

ಒಂದು ಸಂಜೆ ನಮ್ಮ ಕಾಂಪೌಂಡಿಗೆ ಬಿದ್ದ ಚೆಂಡನ್ನು ಕೇಳಲು ಬಂದವಳು, "ತಾತ, ಕೀಪರ್ ಆದೋರು ಯಾರಾದ್ರೂ ದೊಡ್ಡ ಹೆಸರು ಮಾಡಿದಾರಾ?" ಎಂದು ಕೇಳಿದಳು. ನನ್ನ ತಲೆಮಾರಿನವನು ಕೊಡಬಹುದಾದ ಉತ್ತರವನ್ನೇ ಕೊಟ್ಟೆ: ಕಿರ್ಮಾನಿ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹುಡುಗೀರಲ್ಲಿ?" ಎಂದಳು. ನನಗೆ ತಕ್ಷಣ ಉತ್ತರ ಹೊಳೆಯಲಿಲ್ಲ. ನಾಚಿಕೆಯಾಯಿತು. ಈ ಭಾಷಣಕ್ಕೆ ಆ ನಾಚಿಕೆಯೇ ಕಾರಣ.

ವಿಕೆಟ್ ಕೀಪರುಗಳ ವಿಷಯದಲ್ಲಿ ನಮ್ಮ ನಾಡು ಬಡವಲ್ಲ. ಮೂಲ್ಕಿಯಲ್ಲಿ ಹುಟ್ಟಿದ ಬುಧಿ ಕುಂದರನ್ 1960ರಲ್ಲಿ ಭಾರತದ ಪರ ಆಡತೊಡಗಿದರು. ಸೈಯದ್ ಕಿರ್ಮಾನಿ 88 ಟೆಸ್ಟುಗಳನ್ನಾಡಿದರು. 1983ರ ವಿಶ್ವಕಪ್ಪಿನಲ್ಲಿ ಅತ್ಯುತ್ತಮ ವಿಕೆಟ್ ಕೀಪರ್ ಎಂಬ ಮನ್ನಣೆ ಅವರದಾಯಿತು. 1985ರಲ್ಲಿ ಆಸ್ಟ್ರೇಲಿಯದಲ್ಲಿ ಭಾರತ ಗೆದ್ದುಬಂದ ಪಂದ್ಯಾವಳಿಯಲ್ಲಿ ಗೂಟಗಳ ಹಿಂದೆ ಕೂಗಾಡಿ ಕುಣಿದಾಡಿದ ಸದಾನಂದ ವಿಶ್ವನಾಥರನ್ನು ನೋಡಿದವರು ಮರೆತಿರಲಾರರು. ರಾಹುಲ್ ದ್ರಾವಿಡ್ ಕೂಡ ಬೇಕಾದಾಗ ಕೈಗವಸು ತೊಟ್ಟು ತಂಡದ ಅಗತ್ಯವನ್ನು ನೀಗಿಸಿದವರೇ. ಈ ಹೆಸರುಗಳನ್ನು ಹೇಳಿದ ಕೂಡಲೇ ಕೇಳುಗರ ಕಣ್ಣಿನಲ್ಲಿ ಚಿತ್ರವೊಂದು ಮೂಡುತ್ತದೆ. ಇವರ ಸಾಲಿನಲ್ಲೇ ವೆಂಕಟಾಚಾರ್ ಕಲ್ಪನಾ ಎಂಬ ಹೆಸರನ್ನು ಸೇರಿಸಿದರೆ ಎಷ್ಟು ಮಂದಿಗೆ ಚಿತ್ರ ಮೂಡೀತು? ನನಗಂತೂ ಮೂಡಿರಲಿಲ್ಲ.

ಕಲ್ಪನಾ 1961ರಲ್ಲಿ ಹುಟ್ಟಿದವರು. ಕರ್ನಾಟಕದ ಪರವಾಗಿ ಆಡಿ, 1986ರಲ್ಲಿ ಭಾರತದ ಹೆಣ್ಣುಮಕ್ಕಳ ತಂಡದೊಡನೆ ಇಂಗ್ಲೆಂಡಿಗೆ ಹೋದವರು. ಅವರ ಹೆಸರು ದಾಖಲೆಯ ಪುಸ್ತಕದಲ್ಲಿ ಉಳಿದಿರುವುದು ಒಂದೇ ದಿನದ ಕೆಲಸಕ್ಕಾಗಿ. ಆ ದಿನದ ಬೆಲೆ ತಿಳಿಯಬೇಕಾದರೆ ಗೂಟಗಳ ಹಿಂದೆ ನಡೆಯುವ ಕೆಲಸ ಎಂಥದೆಂಬುದನ್ನು ಮೊದಲು ಸ್ವಲ್ಪ ನೋಡಬೇಕು.

ಮೈದಾನದಲ್ಲಿ ಹನ್ನೊಂದು ಮಂದಿಯಿದ್ದರೂ ಪ್ರತಿಯೊಂದು ಎಸೆತದಲ್ಲಿಯೂ ಪಾಲುಳ್ಳವರು ಇಬ್ಬರೇ: ಎಸೆಯುವವರೊಬ್ಬರು, ಹಿಡಿಯುವವರೊಬ್ಬರು. ಎಸೆಯುವವರು ಆರು ಎಸೆತಕ್ಕೊಮ್ಮೆ ಬದಲಾಗುತ್ತಾರೆ, ಹಿಡಿಯುವವರಿಗೆ ಬದಲಿಲ್ಲ. ಐವತ್ತು ಓವರಿನ ಇನಿಂಗ್ಸೊಂದರಲ್ಲಿ ಕೀಪರ್ ಕನಿಷ್ಠ ಮುನ್ನೂರು ಸಲ ಕುಕ್ಕರಗಾಲಿನಲ್ಲಿ ಕುಳಿತು ಮುನ್ನೂರು ಸಲ ಏಳಬೇಕು. ಏಳುವುದಕ್ಕೂ ಒಂದು ಲಯವುಂಟು. ಚೆಂಡು ನೆಲಕ್ಕೆ ಬಡಿದು ಮೇಲೇಳುವಾಗ ಅದರೊಡನೆಯೇ ಮೈಯೂ ಏಳಬೇಕು. ಮೊದಲೇ ಎದ್ದವರ ಕೈಯ ಕೆಳಗೆ ಚೆಂಡು ನುಸುಳುತ್ತದೆ, ತಡವಾಗಿ ಎದ್ದವರ ಬೆರಳಿನ ತುದಿಗೆ ಬಡಿಯುತ್ತದೆ. ಈ ವೃತ್ತಿಯಲ್ಲಿ ಬಹುಕಾಲ ಕಳೆದವರ ಬೆರಳುಗಳು ನೆಟ್ಟಗಿರುವುದು ಕಡಮೆ. ಚೆನ್ನಾಗಿ ಹಿಡಿದ ಎಸೆತಕ್ಕೆ ಲೆಕ್ಕದ ಪುಸ್ತಕದಲ್ಲಿ ಒಂದು ಚುಕ್ಕೆಯಷ್ಟೇ. ಅದೂ ಬೌಲರಿನ ಹೆಸರಿನಲ್ಲಿ. ಹಿಡಿಯದೆ ಬಿಟ್ಟರೆ ಮಾತ್ರ "ಬೈ" ಎಂಬ ಹೆಸರಿನಲ್ಲಿ ಎದುರಾಳಿಗೆ ಓಟಗಳು ಬರೆದುಕೊಳ್ಳುತ್ತವೆ. ಅಡಿಗೆಮನೆಯ ಕೆಲಸದಂತೆ ಇದು. ಉಪ್ಪು ಸರಿಯಾಗಿದ್ದ ದಿನ ಯಾರೂ ಮಾತನಾಡುವುದಿಲ್ಲ.

ಇನ್ನು ಸ್ಟಂಪಿಂಗ್. ಗೂಟಗಳಿಂದ ನಾಲ್ಕಡಿ ಮುಂದೆ ಒಂದು ಬಿಳಿಯ ಗೆರೆ. ದಾಂಡಿಗಳ ಮೈಯ ಇಲ್ಲವೆ ದಾಂಡಿನ ಒಂದಂಶವಾದರೂ ಆ ಗೆರೆಯ ಒಳಗೆ ನೆಲಕ್ಕೆ ತಾಗಿರಬೇಕು. ಗೆರೆಯ ಮೇಲಿದ್ದರೆ ಸಾಲದು. ಚೆಂಡನ್ನು ಹೊಡೆಯಲು ಅವಳು ಮುಂದಕ್ಕೆ ಬಂದು, ಚೆಂಡು ತಪ್ಪಿ, ಪಾದ ಗೆರೆಯಿಂದಾಚೆ ಉಳಿದಿರುವ ಆ ಒಂದು ನಿಮಿಷಾರ್ಧದಲ್ಲಿ (ನಿಮಿಷಾರ್ಧವೆಲ್ಲಿ ಬಂತು, ರೆಪ್ಪೆ ಬಡಿಯುವ ಕಾಲವೆನ್ನಿ) ಕೀಪರ್ ಚೆಂಡು ಹಿಡಿದ ಕೈಯಿಂದ ಗೂಟದ ಮೇಲಿನ ಬೇಲ್ ಉರುಳಿಸಬೇಕು. ಹಾಗೆಂದು ಆತುರಪಟ್ಟು ಕೈಯನ್ನು ಗೂಟಗಳ ಮುಂದಕ್ಕೆ ಚಾಚಿ ಚೆಂಡನ್ನು ಹಿಡಿಯುವಂತಿಲ್ಲ. ಚೆಂಡು ದಾಂಡಿಗೋ ದಾಂಡಿಗಳ ಮೈಗೋ ತಾಗದಿದ್ದರೆ ಅದು ಗೂಟಗಳನ್ನು ದಾಟಿ ಹಿಂದಕ್ಕೆ ಬರುವವರೆಗೂ ಕಾಯಬೇಕು. ಎದುರಿಗೆ ದಾಂಡಿಗಳ ಮೈ ಅಡ್ಡವಿರುವುದರಿಂದ ಅರ್ಧ ದೂರ ಚೆಂಡು ಕಣ್ಣಿಗೇ ಬೀಳುವುದಿಲ್ಲ. ಇಷ್ಟನ್ನೂ ಗೆದ್ದು ಒಬ್ಬಳನ್ನು ಹೊರಗೆ ಕಳಿಸಿದರೆ ಆ ವಿಕೆಟ್ ಬೌಲರಿನ ಖಾತೆಗೆ ಜಮಾ ಆಗುತ್ತದೆ. ಕೀಪರಿನ ಹೆಸರೂ ಜೊತೆಗೆ ಬರೆಯಲ್ಪಡುತ್ತದೆ ಎಂಬುದೊಂದೇ ಸಮಾಧಾನ.

ಗಂಡಸರ ಕ್ರಿಕೆಟ್ಟಿನಲ್ಲಿ ವೇಗದ ಬೌಲರುಗಳ ಕಾಲ ಬಂದಂತೆ ಕೀಪರುಗಳು ಗೂಟಗಳಿಂದ ದೂರ ದೂರ ಸರಿದು ಕ್ಯಾಚುಗಾರರಾದರು. ಹೆಣ್ಣುಮಕ್ಕಳ ಆಟದಲ್ಲಿ ಹಾಗಾಗಲಿಲ್ಲ. ಪಿಚ್ಚಿನ ಉದ್ದ ಅದೇ 22 ಗಜ, ಗೂಟಗಳ ಎತ್ತರ ಅದೇ 28 ಅಂಗುಲ. ಆದರೆ ಚೆಂಡು ಕೊಂಚ ಹಗುರ, ವೇಗ ಕಡಮೆ, ಸ್ಪಿನ್ನಿನ ಪಾಲು ಹೆಚ್ಚು. ಆದುದರಿಂದ ಕೀಪರ್ ಗೂಟಗಳಿಗೆ ಅಂಟಿಕೊಂಡೇ ನಿಲ್ಲುತ್ತಾಳೆ. ಅಂಕಿಗಳು ಇದನ್ನು ಸ್ಪಷ್ಟವಾಗಿ ಹೇಳುತ್ತವೆ. ಕಿರ್ಮಾನಿಯವರು ಟೆಸ್ಟುಗಳಲ್ಲಿ ಔಟ್ ಮಾಡಿದ 198 ಮಂದಿಯಲ್ಲಿ 160 ಕ್ಯಾಚು, 38 ಸ್ಟಂಪಿಂಗ್. 1993ರಿಂದ 2005ರವರೆಗೆ ಭಾರತದ ಪರ ಆಡಿದ ದೆಹಲಿಯ ಅಂಜು ಜೈನ್ 65 ಏಕದಿನ ಪಂದ್ಯಗಳಲ್ಲಿ ಹಿಡಿದ ಕ್ಯಾಚು 30, ಮಾಡಿದ ಸ್ಟಂಪಿಂಗ್ 51. ಕೀಪಿಂಗಿನ ಹಳೆಯ ಕಲೆಯನ್ನು ನೋಡಬಯಸುವವರು ಹೆಣ್ಣುಮಕ್ಕಳ ಪಂದ್ಯಕ್ಕೇ ಹೋಗಬೇಕು ಎಂದು ನಾನು ಹೇಳಿದರೆ ಅದು ಔದಾರ್ಯದ ಮಾತಲ್ಲ, ಲೆಕ್ಕದ ಮಾತು.

ಈಗ ಆ ದಿನಕ್ಕೆ ಬರೋಣ. 1993ರ ಜುಲೈ 29. ಇಂಗ್ಲೆಂಡಿನಲ್ಲಿ ಹೆಣ್ಣುಮಕ್ಕಳ ವಿಶ್ವಕಪ್ ನಡೆಯುತ್ತಿತ್ತು. ಲಂಡನ್ನಿನ ಪಶ್ಚಿಮಕ್ಕಿರುವ ಸ್ಲೌ ಎಂಬ ಪಟ್ಟಣದಲ್ಲಿ ಭಾರತಕ್ಕೆ ಎದುರಾಳಿ ಡೆನ್ಮಾರ್ಕ್. ಡೆನ್ಮಾರ್ಕಿನವರೂ ಕ್ರಿಕೆಟ್ ಆಡುತ್ತಾರೆಯೆ ಎಂದು ಕೇಳುಗರು ಹುಬ್ಬೇರಿಸಬಹುದು. ಆ ವಿಶ್ವಕಪ್ಪಿನಲ್ಲಿ ಡೆನ್ಮಾರ್ಕೂ ಇತ್ತು, ಹಾಲೆಂಡೂ ಇತ್ತು. ಭಾರತ ಗೆದ್ದ ಆ ಪಂದ್ಯದಲ್ಲಿ ಕಲ್ಪನಾ ಒಂದೇ ಇನಿಂಗ್ಸಿನಲ್ಲಿ ಆರು ಮಂದಿಯನ್ನು ಔಟ್ ಮಾಡಿದರು. ಒಂದು ಕ್ಯಾಚು, ಉಳಿದ ಐದೂ ಸ್ಟಂಪಿಂಗ್. ಅದೇ ವಿಶ್ವಕಪ್ಪಿನಲ್ಲಿ ನ್ಯೂಜಿಲೆಂಡಿನ ಸಾರಾ ಇಲಿಂಗ್‌ವರ್ತ್ ಕೂಡ ಆಸ್ಟ್ರೇಲಿಯದ ಎದುರು ಆರು ಮಂದಿಯನ್ನು ಔಟ್ ಮಾಡಿದ್ದರು. ಇಬ್ಬರ ಹೆಸರೂ ದಾಖಲೆಯಲ್ಲಿ ಅಕ್ಕಪಕ್ಕದಲ್ಲಿ ನಿಂತಿತು. ಎದುರಾಳಿಗಳು ಅನುಭವವಿಲ್ಲದವರು ಎಂದು ಹಗುರವಾಗಿ ನುಡಿಯುವವರಿದ್ದಾರೆ. ಇರಬಹುದು. ಆದರೆ ದಾಂಡಿಗಳು ಎಷ್ಟೇ ಎಳಸಾಗಿದ್ದರೂ ಚೆಂಡು ತಪ್ಪಿದ ಮೇಲೆ ಉಳಿದ ಕೆಲಸವೆಲ್ಲ ಕೀಪರಿನದೇ. ಅನುಭವವಿಲ್ಲದವರ ದಾಂಡಿನಿಂದ ತಪ್ಪಿ ಬರುವ ಚೆಂಡು ಎಲ್ಲಿಗೆ ಬಂದೀತೆಂದು ಊಹಿಸುವುದು ಇನ್ನೂ ಕಷ್ಟ.

ಇದಕ್ಕೆ ಐದು ವರ್ಷ ಮುಂಚೆ, 1988ರ ಜನವರಿಯಲ್ಲಿ, ಮದರಾಸಿನ ಟೆಸ್ಟಿನಲ್ಲಿ ಕಿರಣ್ ಮೋರೆ ವೆಸ್ಟ್ ಇಂಡೀಸಿನ ಐವರನ್ನು ಒಂದೇ ಇನಿಂಗ್ಸಿನಲ್ಲಿ ಸ್ಟಂಪ್ ಮಾಡಿದ್ದರು. ನರೇಂದ್ರ ಹಿರ್ವಾಣಿ 16 ವಿಕೆಟ್ ಪಡೆದ ಆ ಪಂದ್ಯವನ್ನು ದೇಶವೇ ನೋಡಿತು, ಪತ್ರಿಕೆಗಳು ತುಂಬಿ ಬರೆದವು, ಇಂದಿಗೂ ಕ್ರಿಕೆಟ್ ಪ್ರಿಯರು ಐದು ಸ್ಟಂಪಿಂಗುಗಳನ್ನು ಬೆರಳು ಮಡಿಸಿ ಎಣಿಸುತ್ತಾರೆ. ಸ್ಲೌ ಪಟ್ಟಣದ ಐದನ್ನು ಎಣಿಸಲು ಅಂಥ ಬೆರಳುಗಳಿರಲಿಲ್ಲ.

ಕಲ್ಪನಾ ಅವರ ಅಂತರರಾಷ್ಟ್ರೀಯ ವೃತ್ತಿಯ ಒಟ್ಟು ಮೊತ್ತ ಇಷ್ಟು: 1986ರಿಂದ 1993ರವರೆಗಿನ ಅವಧಿಯಲ್ಲಿ 3 ಟೆಸ್ಟು, 8 ಏಕದಿನ ಪಂದ್ಯ. ಏಳು ವರ್ಷದಲ್ಲಿ ಹನ್ನೊಂದು ಪಂದ್ಯ. ಈ ಅಂಕಿಯನ್ನು ಮೊದಲು ನೋಡಿದಾಗ ಆಕೆ ತಂಡದಿಂದ ಹೊರಗೆ ಉಳಿದದ್ದೇ ಹೆಚ್ಚೆಂದು ನಾನು ಭಾವಿಸಿದೆ. ಆಮೇಲೆ ವರ್ಷಗಳ ಪಟ್ಟಿಯನ್ನು ನೋಡಿದಾಗ ಬೇರೆಯೇ ಅರ್ಥ ಹೊಳೆಯಿತು. 1986ರ ಇಂಗ್ಲೆಂಡ್ ಪ್ರವಾಸದ ಬಳಿಕ ಭಾರತದ ಹೆಣ್ಣುಮಕ್ಕಳು ಮತ್ತೊಂದು ಟೆಸ್ಟ್ ಆಡಿದ್ದು 1991ರಲ್ಲಿ, ಆಸ್ಟ್ರೇಲಿಯದ ನೆಲದಲ್ಲಿ. ನಡುವೆ 1988ರ ವಿಶ್ವಕಪ್ಪಿಗೆ ಭಾರತ ಹೋಗಲೇ ಇಲ್ಲ. ಆಟಗಾರ್ತಿ ಇದ್ದಳು, ಅವಳ ಕೈ ಇತ್ತು, ಕಣ್ಣಿತ್ತು, ಆಡಲು ಪಂದ್ಯವಿರಲಿಲ್ಲ. ಇಪ್ಪತ್ತೈದರಿಂದ ಮೂವತ್ತರವರೆಗಿನ ವಯಸ್ಸು ಕೀಪರಿಗೆ ಹೊನ್ನಿನ ಕಾಲ. ಆ ಕಾಲ ಹೀಗೆ ಕಳೆಯಿತು.

ಇದು ಒಬ್ಬರ ದುರದೃಷ್ಟವಲ್ಲ, ಆ ಕಾಲದ ಏರ್ಪಾಡೇ ಹಾಗಿತ್ತು. ನಮ್ಮ ದೇಶದಲ್ಲಿ ಹೆಣ್ಣುಮಕ್ಕಳ ಕ್ರಿಕೆಟ್ ಸಂಸ್ಥೆ ರೂಪುಗೊಂಡದ್ದು 1973ರಲ್ಲಿ. ಭಾರತದ ಹೆಣ್ಣುಮಕ್ಕಳ ಮೊತ್ತಮೊದಲ ಟೆಸ್ಟ್ ನಡೆದದ್ದು ನಮ್ಮ ಬೆಂಗಳೂರಿನಲ್ಲೇ, 1976ರ ಅಕ್ಟೋಬರ್ ಕೊನೆಯಲ್ಲಿ, ವೆಸ್ಟ್ ಇಂಡೀಸಿನ ಎದುರು; ನಾಯಕಿ ನಮ್ಮವರೇ ಆದ ಶಾಂತಾ ರಂಗಸ್ವಾಮಿ. ಆರಂಭದ ಉತ್ಸಾಹಕ್ಕೇನೂ ಕೊರತೆಯಿರಲಿಲ್ಲ. ಕೊರತೆಯಿದ್ದದ್ದು ಹಣಕ್ಕೆ. ಕಾಯ್ದಿರಿಸದ ಬೋಗಿಗಳಲ್ಲಿ ಪಯಣಿಸಿ, ಸಿಕ್ಕಲ್ಲಿ ಹಾಸಿ ಮಲಗಿ ಆಡಿದ ದಿನಗಳನ್ನು ಆ ತಲೆಮಾರಿನವರು ಅನೇಕ ಸಲ ಹೇಳಿಕೊಂಡಿದ್ದಾರೆ. ಶ್ರೀಮಂತವಾದ ಕ್ರಿಕೆಟ್ ಮಂಡಳಿಯ ಆಶ್ರಯ ಅವರಿಗೆ ದೊರೆತದ್ದು 2006ರಲ್ಲಿ. ಅಲ್ಲಿಂದ ಮುಂದೆ ಎಲ್ಲವೂ ಸರಾಗವಾಯಿತೆಂದು ತಿಳಿದರೆ ತಪ್ಪು. ಅದಕ್ಕೆ ಇನ್ನೊಬ್ಬ ಕೀಪರಿನ ವೃತ್ತಿಯೇ ಸಾಕ್ಷಿ.

ಕರುಣಾ ಜೈನ್ ಬೆಂಗಳೂರಿನವರು. ಅಂಜು ಜೈನ್ ಅವರ ಸ್ಥಾನಕ್ಕೆ ಕರುಣಾ ಜೈನ್ ಬಂದದ್ದರಿಂದ ಹೊರಗಿನವರಿಗೆ ಹೆಸರುಗಳು ಕಲಸಿಹೋಗುವುದುಂಟು. ಒಬ್ಬರು ದೆಹಲಿಯ ಕೀಪರ್, ಇನ್ನೊಬ್ಬರು ನಮ್ಮೂರಿನ ಕೀಪರ್. 1985ರಲ್ಲಿ ಹುಟ್ಟಿದ ಕರುಣಾ 2004ರಲ್ಲಿ ವೆಸ್ಟ್ ಇಂಡೀಸಿನ ಎದುರು ಭಾರತದ ಪರ ಮೊದಲ ಸಲ ಆಡಿದಾಗ ಇನ್ನೂ ಹದಿನೆಂಟರ ಹುಡುಗಿ. ಕೀಪಿಂಗಿನ ಜೊತೆಗೆ ದಾಂಡಿನಲ್ಲಿಯೂ ಗಟ್ಟಿಗರು. 44 ಏಕದಿನ ಪಂದ್ಯಗಳಲ್ಲಿ 987 ಓಟ, ಒಂದು ಶತಕ, ಒಂಬತ್ತು ಅರ್ಧಶತಕ. ಸಾವಿರಕ್ಕೆ ಹದಿಮೂರು ಕಡಮೆ. ಅದನ್ನು ನೋಡಿದಾಗಲೆಲ್ಲ ನನಗೆ ಒಂದು ಪಂದ್ಯ ಹೆಚ್ಚಿಗೆ ಕೊಡಬಾರದಿತ್ತೆ ಎನ್ನಿಸುತ್ತದೆ.

ಆದರೆ ನಾನು ಹೇಳಹೊರಟದ್ದು ಅವರ ಟೆಸ್ಟುಗಳ ಕಥೆ. ಕರುಣಾ ಆಡಿದ ಟೆಸ್ಟುಗಳು ಒಟ್ಟು ಐದು. ನಾಲ್ಕು, 2005ರ ನವೆಂಬರಿನಿಂದ 2006ರ ಸೆಪ್ಟೆಂಬರಿನೊಳಗೆ ಮುಗಿದವು. ನಾಲ್ಕನೆಯದು ಇಂಗ್ಲೆಂಡಿನ ಟಾಂಟನ್ನಿನಲ್ಲಿ. ಜೂಲನ್ ಗೋಸ್ವಾಮಿ ಹತ್ತು ವಿಕೆಟ್ ಉರುಳಿಸಿದ ಆ ಪಂದ್ಯದಲ್ಲಿ ಭಾರತದ ಹೆಣ್ಣುಮಕ್ಕಳು ಇಂಗ್ಲೆಂಡಿನ ನೆಲದಲ್ಲಿ ಮೊದಲ ಬಾರಿಗೆ ಟೆಸ್ಟ್ ಗೆದ್ದರು. ಗೆದ್ದವರಿಗೆ ದೊರೆತ ಬಹುಮಾನವೇನು ಗೊತ್ತೆ? ಎಂಟು ವರ್ಷಗಳ ವಿರಾಮ. 2006ರಿಂದ 2014ರವರೆಗೆ ಭಾರತದ ಹೆಣ್ಣುಮಕ್ಕಳಿಗೆ ಒಂದು ಟೆಸ್ಟೂ ಇರಲಿಲ್ಲ. ಟಾಂಟನ್ನಿನಲ್ಲಿ ಇಪ್ಪತ್ತು ವರ್ಷದವರಾಗಿದ್ದ ಕರುಣಾ, ತಮ್ಮ ಐದನೆಯ ಟೆಸ್ಟಿಗೆ 2014ರ ಆಗಸ್ಟಿನಲ್ಲಿ ವರ್ಮ್‌ಸ್ಲಿ ಎಂಬಲ್ಲಿ ಗೂಟಗಳ ಹಿಂದೆ ಕುಳಿತಾಗ ಇಪ್ಪತ್ತೆಂಟು ದಾಟಿ ಇಪ್ಪತ್ತೊಂಬತ್ತರ ಹೊಸ್ತಿಲಲ್ಲಿದ್ದರು. ಆ ದಿನ ಕಣಕ್ಕಿಳಿದ ಹನ್ನೊಂದು ಮಂದಿಯಲ್ಲಿ ಎಂಟು ಮಂದಿಗೆ ಅದೇ ಮೊದಲ ಟೆಸ್ಟು. ಹಿಂದೆ ಟೆಸ್ಟ್ ಆಡಿ ಗೊತ್ತಿದ್ದವರು ಮೂವರೇ: ನಾಯಕಿ ಮಿಥಾಲಿ ರಾಜ್, ಜೂಲನ್, ಕರುಣಾ. ನಾಲ್ಕು ದಿನದ ಆಟವೆಂದರೆ ಹೇಗಿರುತ್ತದೆ, ಎರಡನೆಯ ದಿನ ಸಂಜೆ ಕಾಲುಗಳು ಹೇಗೆ ಸೋಲುತ್ತವೆ, ಯಾವಾಗ ಸುಮ್ಮನಿರಬೇಕು ಎಂಬುದನ್ನೆಲ್ಲ ಎಂಟು ಮಂದಿ ಹೊಸಬರಿಗೆ ಹೇಳಿಕೊಡಬೇಕಾದವರು ಈ ಮೂವರು. ಅವರಾದರೂ ಎಂಟು ವರ್ಷದ ನೆನಪಿನಿಂದ ಹೇಳಬೇಕು. ಆತಿಥೇಯರು ಮೊದಲ ಇನಿಂಗ್ಸಿನಲ್ಲಿ 92ಕ್ಕೆ ಕುಸಿದರು, ಭಾರತ ಆರು ವಿಕೆಟ್‌ಗಳಿಂದ ಗೆದ್ದಿತು. ಅದು ಕರುಣಾ ಅವರ ಕೊನೆಯ ಟೆಸ್ಟು. ಒಟ್ಟು ಐದರಲ್ಲಿ ಇಂಗ್ಲೆಂಡನ್ನು ಇಂಗ್ಲೆಂಡಿನಲ್ಲೇ ಸೋಲಿಸಿದ್ದು ಎರಡು ಸಲ. ಇಂಥ ಲೆಕ್ಕ ಎಷ್ಟು ಮಂದಿ ಕೀಪರುಗಳಿಗುಂಟು?

ಆಮೇಲೂ ಅವರು ಆಟ ಬಿಡಲಿಲ್ಲ. ಕರ್ನಾಟಕ, ಏರ್ ಇಂಡಿಯಾ, ಪುದುಚೇರಿ ಎಂದು ದೇಶದೊಳಗಿನ ಪಂದ್ಯಗಳಲ್ಲಿ ಕುಕ್ಕರಗಾಲಿನಲ್ಲಿ ಕುಳಿತು ಏಳುತ್ತಲೇ ಇದ್ದು, 2022ರ ಜುಲೈನಲ್ಲಿ ನಿವೃತ್ತಿ ಘೋಷಿಸಿದರು. ಹೆಣ್ಣುಮಕ್ಕಳಿಗೆ ಮಂಡಳಿಯ ವಾರ್ಷಿಕ ಒಪ್ಪಂದಗಳು ಮೊದಲಾದದ್ದು 2015ರಲ್ಲಿ, ಅವರ ಕೊನೆಯ ಟೆಸ್ಟಿನ ಮಾರನೆಯ ವರ್ಷ. ಗಂಡಸರಿಗೆ ಸಮನಾದ ಪಂದ್ಯಶುಲ್ಕವನ್ನು ಸಾರಿದ್ದು 2022ರ ಅಕ್ಟೋಬರಿನಲ್ಲಿ, ಅವರು ನಿವೃತ್ತರಾಗಿ ಮೂರು ತಿಂಗಳಿಗೆ. ಬಸ್ಸು ಹೊರಟ ಮೇಲೆ ನಿಲ್ದಾಣಕ್ಕೆ ಮಾಡು ಹಾಕಿಸಿದಂತೆ. ಗೊರಗುಂಟೆಪಾಳ್ಯದವರಿಗೆ ಈ ಹೋಲಿಕೆ ಬೇಗ ಅರ್ಥವಾದೀತು.

ನಮ್ಮ ನೆರೆಯ ಬಾಂಗ್ಲಾದೇಶದ ಕಡೆಗೂ ಒಮ್ಮೆ ನೋಡಬೇಕು. ಏಕೆಂದರೆ ನಮ್ಮಲ್ಲಿ ಕಾದು ಕಲಿತವರ ವಿದ್ಯೆಯಲ್ಲಿ ಒಂದು ಪಾಲು ಅಲ್ಲಿಗೂ ಹೋಗಿದೆ. ಭಾರತದ ನಾಯಕಿಯಾಗಿದ್ದ ನಮ್ಮ ಮಮತಾ ಮಾಬೆನ್ ಅಲ್ಲಿನ ಹೆಣ್ಣುಮಕ್ಕಳ ತಂಡಕ್ಕೆ ತರಬೇತಿ ಕೊಟ್ಟರು. ಅನಂತರ 2018ರಲ್ಲಿ ಅಂಜು ಜೈನ್ ಆ ಹೊಣೆ ಹೊತ್ತರು; ಹೊತ್ತ ಕೆಲವೇ ವಾರಗಳಲ್ಲಿ, ಜೂನ್ 10ರಂದು, ಕೌಲಾಲಂಪುರದಲ್ಲಿ ಬಾಂಗ್ಲಾದೇಶ ಕೊನೆಯ ಎಸೆತದಲ್ಲಿ ಭಾರತವನ್ನೇ ಸೋಲಿಸಿ ಏಷ್ಯಾ ಕಪ್ ಗೆದ್ದಿತು. ಭಾರತದ ಹಳೆಯ ಕೀಪರೊಬ್ಬರು ಅಂದು ಎದುರು ಪಾಳೆಯದಲ್ಲಿ ಕುಳಿತು ಏನನ್ನು ಅನುಭವಿಸಿದರೋ! ಆ ದಿನ 27 ಓಟ ಮಾಡಿ ಗೆಲುವಿಗೆ ನೆರವಾದವರು ಶೇರ್‌ಪುರದ ನಿಗಾರ್ ಸುಲ್ತಾನಾ. ಮುಂದೆ ಆ ತಂಡದ ನಾಯಕಿಯೂ ವಿಕೆಟ್ ಕೀಪರೂ ಆಗಿ, 2025ರ ವಿಶ್ವಕಪ್ಪಿಗೆ ತಂಡವನ್ನು ಕರೆತಂದವರೂ ಅವರೇ. ಕೈಗವಸು, ದಾಂಡು, ನಾಯಕತ್ವ ಮೂರನ್ನೂ ಹೊತ್ತ ಇಂಥವರ ತಂಡಕ್ಕೆ 2021ರಲ್ಲಿ ಟೆಸ್ಟ್ ಮಾನ್ಯತೆ ದೊರೆಯಿತು. ಮಾನ್ಯತೆಯೊಡನೆ ಪಂದ್ಯಗಳು ದೊರೆಯಲಿಲ್ಲ, ವರ್ಷಗಳು ಉರುಳಿದವು. ಕಲ್ಪನಾ ಅವರೂ ಕರುಣಾ ಅವರೂ ಕಾದ ಸಾಲಿನಲ್ಲೇ ಈಗ ಢಾಕಾದ ಹುಡುಗಿಯರು.

ಕಲ್ಪನಾ ಅವರ ಕಥೆಗೆ ಇನ್ನೊಂದು ತುಣುಕು ಉಳಿದಿದೆ. 2020ರಲ್ಲಿ ಭಾರತದ ಹೆಣ್ಣುಮಕ್ಕಳ ಆಯ್ಕೆ ಸಮಿತಿಯನ್ನು ಹೊಸದಾಗಿ ರಚಿಸಿದಾಗ, ನೀತು ಡೇವಿಡ್ ಅಧ್ಯಕ್ಷತೆಯ ಐವರಲ್ಲಿ ಅವರೂ ಒಬ್ಬರಾದರು. ಮರುವರ್ಷ ಜೂನಿನಲ್ಲಿ ಇಂಗ್ಲೆಂಡಿನ ಬ್ರಿಸ್ಟಲಿನಲ್ಲಿ ಒಂದು ಟೆಸ್ಟ್. 2014ರ ನವೆಂಬರಿನಲ್ಲಿ ಮೈಸೂರಿನಲ್ಲಿ ಆಡಿದ ಮೇಲೆ ಭಾರತದ ಹೆಣ್ಣುಮಕ್ಕಳಿಗೆ ಅದೇ ಮುಂದಿನ ಟೆಸ್ಟು. ನಡುವೆ ಸುಮಾರು ಏಳು ವರ್ಷ. ಐದು ವರ್ಷದ ಬರಗಾಲವನ್ನು ತಾವು ಕಂಡಿದ್ದ ಕೀಪರ್, ಏಳು ವರ್ಷದ ಬರಗಾಲದ ಕೊನೆಗೆ ತಂಡ ಆರಿಸಲು ಕುಳಿತಿದ್ದರು. ಆ ಟೆಸ್ಟಿನಲ್ಲಿ ಭಾರತ ಫಾಲೋ ಆನ್‌ಗೆ ಒಳಗಾಯಿತು. ಎಂಟು ವಿಕೆಟ್ ಬಿದ್ದು ಸೋಲು ಖಚಿತವೆನ್ನುವ ಹೊತ್ತಿಗೆ ಸ್ನೇಹ್ ರಾಣಾ ಅವರಿಗೆ ಜೊತೆಯಾದವರು ವಿಕೆಟ್ ಕೀಪರ್ ತಾನಿಯಾ ಭಾಟಿಯಾ. ಮುರಿಯದ ಒಂಬತ್ತನೆಯ ವಿಕೆಟ್ಟಿಗೆ 104 ಓಟ. ರಾಣಾ 80, ತಾನಿಯಾ 44. ಪಂದ್ಯ ಉಳಿಯಿತು. ರಾಣಾ ಅವರ ಹೆಸರು ಮಾರನೆಯ ದಿನ ಎಲ್ಲ ಪತ್ರಿಕೆಗಳಲ್ಲಿಯೂ ದೊಡ್ಡ ಅಕ್ಷರದಲ್ಲಿ ಬಂದಿತು, ನ್ಯಾಯವಾಗಿಯೇ ಬಂದಿತು. ಕೀಪರಿನ ಹೆಸರನ್ನು ಕೆಳಗಿನ ಸಾಲುಗಳಲ್ಲಿ ಹುಡುಕಬೇಕಾಯಿತು.

ಇಷ್ಟನ್ನು ಓದಿಕೊಂಡ ಮೇಲೆ ಒಂದು ಸಂಜೆ ನಾನೇ ಚೆಂಡಿಗಾಗಿ ಕಾದಿದ್ದೆ ಎನ್ನಬೇಕು. ಅದು ನಮ್ಮ ಕಾಂಪೌಂಡಿಗೆ ಬಿತ್ತು. ಹುಡುಗಿ ಬಂದಳು. ನಾನು ಸ್ಲೌ ಪಟ್ಟಣದ ವಿಷಯ ಹೇಳಿದೆ: ನಮ್ಮ ರಾಜ್ಯದವರೇ, ಕಲ್ಪನಾ ಅಂತ, ಒಂದೇ ಇನಿಂಗ್ಸಿನಲ್ಲಿ ಆರು ಮಂದಿ, ಅದರಲ್ಲಿ ಐದು ಸ್ಟಂಪಿಂಗ್. ಅವಳು ಕೈಗವಸು ಕಳಚದೆಯೇ ಚೆಂಡನ್ನು ಒಂದು ಕೈಯಿಂದ ಇನ್ನೊಂದಕ್ಕೆ ಹಾಕುತ್ತ ಕೇಳಿಸಿಕೊಂಡಳು.

"ಇನ್ನೊಂದು?"

"ಕ್ಯಾಚು."

"ಯಾವ ಕೈಲಿ ಹಿಡಿದ್ರು ತಾತ?"

ನನ್ನ ಪುಸ್ತಕದಲ್ಲಿ ಅದು ಇರಲಿಲ್ಲ. ಅಷ್ಟರಲ್ಲಿ ಹುಡುಗರು ಕೂಗಿದರು, ಅವಳು ಓಡಿದಳು.